ಪರದೆಯ ಮೇಲೆ ನಡೆದಾಡುವ ನಿಮ್ಮದೇ ಗೊಂಬೆ: ಅಚ್ಚಿನಿಂದ ಮಾಡಿಕೊಳ್ಳುವ ಕ್ರಮ

ಬಾಗಲಕೋಟೆಯ ನಮ್ಮ ಮನೆಯ ಕಂಪ್ಯೂಟರಿನಲ್ಲಿ ಒಂದು ಫೋಟೊ ಇದೆ. ಗೌರಿ ಹುಣ್ಣಿಮೆಯ ಸಂಜೆ ನನ್ನ ಅಣ್ಣನ ಮಗಳು ಇಳಕಲ್ಲ ಸೀರೆಯಲ್ಲಿ ಹೊಲಿಸಿದ ಪರಕಾರವನ್ನೂ ಗುಳೇದಗುಡ್ಡ ಖಣದ ಪೋಲಕವನ್ನೂ ತೊಟ್ಟು, ಎರಡು ಜಡೆ ಇಳಿಬಿಟ್ಟು, ಸಕ್ಕರೆ ಆರತಿಯ ತಾಟು ಹಿಡಿದು ನಿಂತಿದ್ದಾಳೆ. ಈ ಹುಡುಗಿ ಪರದೆಯ ಮೇಲೆ ತಾನಾಗಿ ಓಡಾಡಬೇಕು, ವಿಂಡೋದ ಅಂಚಿನ ಮೇಲೆ ಕುಳಿತು ಕಾಲು ಅಲ್ಲಾಡಿಸಬೇಕು ಎಂಬ ಆಸೆ ಅವಳದೇ. ಬೇಸಿಗೆ ರಜೆಯಲ್ಲಿ ಇಬ್ಬರೂ ಕೂಡಿ ಆ ಗೊಂಬೆಯನ್ನು ಮಾಡಿ ಅದಕ್ಕೆ ಗೌರಿ ಎಂದು ಹೆಸರಿಟ್ಟೆವು. ಚಿತ್ರ ಬಿಡಿಸಲು ಅಷ್ಟಿಷ್ಟು ಬಲ್ಲ, ಆದರೆ ಪ್ರೋಗ್ರಾಮಿಂಗ್ ಕಲಿಯದ ಓದುಗರು ಅದೇ ಕೆಲಸವನ್ನು ಹೇಗೆ ಮಾಡಬಹುದು ಎಂಬುದನ್ನು ಇಲ್ಲಿ ಕ್ರಮವಾಗಿ ಬರೆದಿದ್ದೇನೆ.

ಇದಕ್ಕೆ ನಾವು ಬಳಸಿದ ತಂತ್ರಾಂಶದ ಹೆಸರು ಶಿಮೆಜಿ. ಜಪಾನಿನ ಯೂಕಿ ಯಾಮಾಡಾ ಅವರು ಗ್ರೂಪ್ ಫಿನಿಟಿ ಎಂಬ ಹೆಸರಿನಡಿ 2009ರಲ್ಲಿ ಇದನ್ನು ಹೊರತಂದರು. ಮುಂದೆ ಇದನ್ನು ಇಂಗ್ಲಿಷ್ ಬಲ್ಲವರಿಗೆ ಒಗ್ಗಿಸಿ ವಿಸ್ತರಿಸಿದ ರೂಪಕ್ಕೆ ಶಿಮೆಜಿ-ಇಇ ಎಂದು ಹೆಸರು. ಜಪಾನಿ ಭಾಷೆಯಲ್ಲಿ ಶಿಮೆಜಿ ಎಂದರೆ ಗೊಂಚಲುಗೊಂಚಲಾಗಿ ಬೆಳೆಯುವ ಒಂದು ಬಗೆಯ ಅಣಬೆ. ಈ ಗೊಂಬೆಗಳೂ ಬಿಟ್ಟರೆ ಒಂದಕ್ಕೆ ಎರಡು, ಎರಡಕ್ಕೆ ನಾಲ್ಕು ಎಂದು ಹೆಚ್ಚುತ್ತಲೇ ಹೋಗುತ್ತವೆ. ತಂತ್ರಾಂಶದ ಜೊತೆಗೆ ಒಂದು ಟೆಂಪ್ಲೇಟ್ ಸಿಗುತ್ತದೆ. ಉದ್ದ 128, ಅಗಲ 128 ಪಿಕ್ಸೆಲ್ ಅಳತೆಯ 46 ಚಿತ್ರಗಳು, ಮತ್ತು ಯಾವ ಚಿತ್ರವನ್ನು ಎಷ್ಟು ಹೊತ್ತು, ಯಾವ ವೇಗದಲ್ಲಿ ತೋರಿಸಬೇಕೆಂದು ಹೇಳುವ ಎರಡು ಬರಹದ ಫೈಲುಗಳು, ಇಷ್ಟೇ ಅದರ ಸರಕು. ಸಕ್ಕರೆ ಆರತಿಗೆ ಕಟ್ಟಿಗೆಯ ಅಚ್ಚು ಹೇಗೋ ಗೊಂಬೆಗೆ ಈ ಟೆಂಪ್ಲೇಟ್ ಹಾಗೆ. ಆಕಾರದ ಕಟ್ಟು ಸಿದ್ಧವಾಗಿದೆ, ಪಾಕ ನಮ್ಮದು.

ಸಿದ್ಧತೆ

ವಿಂಡೋಸ್ ಇರುವ ಒಂದು ಸಾಧಾರಣ ಕಂಪ್ಯೂಟರ್ ಸಾಕು. ಶಿಮೆಜಿ ಜಾವಾ ಎಂಬ ಇನ್ನೊಂದು ತಂತ್ರಾಂಶದ ಆಧಾರದಲ್ಲಿ ಕೆಲಸ ಮಾಡುವುದರಿಂದ ಮೊದಲು ಜಾವಾ ಹಾಕಿಕೊಳ್ಳಬೇಕು. ಚಿತ್ರ ಬಿಡಿಸಲು ಕ್ರಿಟಾ ಅಥವಾ ಗಿಂಪ್ ಬಳಸಬಹುದು, ಎರಡೂ ಉಚಿತ. ಚಲನೆಯ ಕೆಲಸಕ್ಕೆ ನನಗೆ ಕ್ರಿಟಾ ಹೆಚ್ಚು ಹಿಡಿಸಿತು, ಏಕೆಂದರೆ ಹಿಂದಿನ ಚಿತ್ರವನ್ನು ಮಸುಕಾಗಿ ಕೆಳಗೆ ಇಟ್ಟುಕೊಂಡು ಅದರ ಮೇಲೆ ಮುಂದಿನದನ್ನು ಬಿಡಿಸುವ ಸೌಲಭ್ಯ ಅದರಲ್ಲಿ ಚೆನ್ನಾಗಿದೆ. ಚಿತ್ರ ಬಿಡಿಸುವ ಪೆನ್ ಟ್ಯಾಬ್ಲೆಟ್ ಇಲ್ಲದಿದ್ದರೂ ಮೌಸ್ ಹಿಡಿದೇ ಕೆಲಸ ಮುಗಿಸಬಹುದು.

ಶಿಮೆಜಿ-ಇಇಯ ಜಿಪ್ ಫೈಲನ್ನು ಪೂರ್ತಿಯಾಗಿ ಬಿಚ್ಚಿ ಒಂದು ಫೋಲ್ಡರಿನಲ್ಲಿ ಇಟ್ಟುಕೊಳ್ಳಿ. ಜಿಪ್ಪಿನ ಒಳಗಿಂದಲೇ ಒತ್ತಿ ಓಡಿಸಲು ಹೋದರೆ ಅದಕ್ಕೆ ಚಿತ್ರಗಳು ಸಿಗುವುದಿಲ್ಲ, ಹೊಸಬರು ಎಡವುವುದು ಸಾಮಾನ್ಯವಾಗಿ ಇಲ್ಲಿಯೇ. ಬಿಚ್ಚಿದ ಮೇಲೆ ಒಳಗೆ ಚಿತ್ರಗಳ ಫೋಲ್ಡರೊಂದು, ಸೂಚನೆಗಳ ಫೋಲ್ಡರೊಂದು ಕಾಣುತ್ತವೆ. ಚಿತ್ರಗಳ ಫೋಲ್ಡರಿನಲ್ಲಿ ಪ್ರತಿ ಗೊಂಬೆಗೂ ಅದರದೇ ಒಳಫೋಲ್ಡರು ಇರುತ್ತದೆ. ಮಾದರಿ ಗೊಂಬೆಯ ಒಳಫೋಲ್ಡರನ್ನು ನಕಲು ಮಾಡಿ, ನಕಲಿಗೆ ನಿಮ್ಮ ಗೊಂಬೆಯ ಹೆಸರನ್ನು ಇಂಗ್ಲಿಷ್ ಅಕ್ಷರಗಳಲ್ಲಿ ಕೊಡಿ. ಮುಂದೆ ನೀವು ಬಿಡಿಸುವ ಪ್ರತಿ ಚಿತ್ರವನ್ನೂ ಈ ನಕಲಿನ ಫೈಲುಗಳ ಮೇಲೆಯೇ, ಅವುಗಳ ಹೆಸರನ್ನು ಒಂದಕ್ಷರವೂ ಬದಲಿಸದೆ ಉಳಿಸುತ್ತ ಹೋದರೆ ಸಾಕು. ಶಿಮೆ ಎಂಬ ಪದದ ಮುಂದೆ 1ರಿಂದ 46ರವರೆಗಿನ ಸಂಖ್ಯೆ, ಇದು ಆ ಹೆಸರುಗಳ ಕ್ರಮ. ಈ ಉಪಾಯದ ಇನ್ನೊಂದು ಲಾಭವೆಂದರೆ, ನೀವು ಇನ್ನೂ ಬಿಡಿಸದ ಸಂಖ್ಯೆಗಳಲ್ಲಿ ಮಾದರಿ ಗೊಂಬೆಯೇ ಇರುವುದರಿಂದ ಅರ್ಧ ಕೆಲಸವಾಗಿರುವಾಗಲೂ ಓಡಿಸಿ ನೋಡಬಹುದು.

ಮೊದಲು ಮೂರೇ ಚಿತ್ರ

ನಮ್ಮ ಮನೆಯಲ್ಲಿ ಮಣ್ಣೆತ್ತಿನ ಅಮಾವಾಸ್ಯೆಗೆ ಎತ್ತು ಮಾಡುವಾಗ ಅವ್ವ ಕೋಡು ಕಣ್ಣಿನ ಗೊಡವೆಗೆ ಮೊದಲೇ ಹೋಗುತ್ತಿರಲಿಲ್ಲ. ನಾಲ್ಕು ಕಾಲು ಇಟ್ಟು, ಮಣೆಯ ಮೇಲೆ ನಿಲ್ಲಿಸಿ, ಅಲುಗದೆ ನಿಂತ ಮೇಲೆಯೇ ಹಿಣಿಲು, ಕೋಡು, ಕೊರಳ ಸರ. ಪರದೆಯ ಗೊಂಬೆಗೂ ಇದೇ ಕ್ರಮ ಸರಿ ಎಂಬುದು ನನ್ನ ದೃಢವಾದ ಅಭಿಪ್ರಾಯ. 46 ಚಿತ್ರಗಳ ಪಟ್ಟಿಯನ್ನು ಮುಂದಿಟ್ಟುಕೊಂಡು ಮುಖ, ಕಣ್ಣು, ಬಟ್ಟೆ ಎಂದು ಮೊದಲ ದಿನವೇ ಕುಳಿತವರು ಹತ್ತನೆಯ ಚಿತ್ರದ ಹೊತ್ತಿಗೆ ಕೈಬಿಡುತ್ತಾರೆ. 1, 2 ಮತ್ತು 3ನೆಯ ಚಿತ್ರಗಳನ್ನಷ್ಟೇ ಬಣ್ಣವಿಲ್ಲದೆ, ಬರೀ ಗೆರೆಯಲ್ಲಿ ಬಿಡಿಸಿ ಗೊಂಬೆಯನ್ನು ನಡೆಸಿ ನೋಡಿ. ನಡಿಗೆ ಕೂಡಿಬಂದರೆ ಉಳಿದದ್ದು ತಾಳ್ಮೆಯ ಕೆಲಸ ಮಾತ್ರ.

ಕ್ರಿಟಾದಲ್ಲಿ 512 ಪಿಕ್ಸೆಲ್ ಉದ್ದಗಲದ, ಹಿನ್ನೆಲೆಯೇ ಇಲ್ಲದ ಪಾರದರ್ಶಕ ಹಾಳೆಯನ್ನು ತೆರೆಯಿರಿ. ಇದು ಬೇಕಾದ ಅಳತೆಯ ನಾಲ್ಕು ಪಟ್ಟು. ದೊಡ್ಡದಾಗಿ ಬಿಡಿಸಿ ಕೊನೆಗೆ 128ಕ್ಕೆ ಇಳಿಸಿದರೆ ಗೆರೆ ನಯವಾಗಿ ಬರುತ್ತದೆ. ಇಳಿಸಿದಾಗ ಹೊರಗೆರೆ 2 ಪಿಕ್ಸೆಲ್ ಉಳಿಯಬೇಕಾದರೆ ದೊಡ್ಡ ಹಾಳೆಯಲ್ಲಿ 8 ಪಿಕ್ಸೆಲ್ ದಪ್ಪದ ಕುಂಚ ಹಿಡಿಯಬೇಕು. ತಲೆ, ಜಡೆ, ಮೈ, ಕೈ, ಪರಕಾರ, ಪಾದ ಇವನ್ನು ಬೇರೆ ಬೇರೆ ಲೇಯರುಗಳಲ್ಲಿ, ಅಂದರೆ ಒಂದರ ಮೇಲೊಂದು ಇಟ್ಟ ಪಾರದರ್ಶಕ ಪದರಗಳಲ್ಲಿ, ಇಡುವುದು ಅವಶ್ಯ. ಒಮ್ಮೆ ಬಿಡಿಸಿದ ತಲೆಯನ್ನು ಇಪ್ಪತ್ತು ಚಿತ್ರಗಳಲ್ಲಿ ಮತ್ತೆ ಬಳಸಲು ಆಗ ಮಾತ್ರ ಸಾಧ್ಯವಾಗುತ್ತದೆ.

ಇನ್ನು ಈ ಇಡೀ ಕೆಲಸದ ಜೀವಾಳವಾದ ಒಂದು ಬಿಂದುವಿನ ವಿಷಯ. ತಂತ್ರಾಂಶ ಇದನ್ನು ಆಂಕರ್ ಎನ್ನುತ್ತದೆ, ನಾನು ಗೂಟ ಎನ್ನುತ್ತೇನೆ. ದನವನ್ನು ಗೂಟಕ್ಕೆ ಕಟ್ಟುವಂತೆ ಪ್ರತಿ ಚಿತ್ರವನ್ನೂ ಪರದೆಯ ಒಂದು ಜಾಗಕ್ಕೆ ಕಟ್ಟುವುದು ಈ ಬಿಂದುವೇ. ನಿಲ್ಲುವ, ನಡೆಯುವ ಚಿತ್ರಗಳಲ್ಲಿ ಗೂಟವಿರುವುದು ಎಡದಿಂದ 64, ಮೇಲಿನಿಂದ 128ನೆಯ ಪಿಕ್ಸೆಲ್ಲಿನಲ್ಲಿ, ಅಂದರೆ ಹಾಳೆಯ ಕೆಳ ಅಂಚಿನ ನಟ್ಟನಡುವೆ. ಆದ್ದರಿಂದ ಗೊಂಬೆಯ ಪಾದ ಹಾಳೆಯ ಕೆಳ ಅಂಚಿಗೆ ತಾಗಿಯೇ ಇರಬೇಕು. ಕೆಳಗೆ ನಾಲ್ಕು ಪಿಕ್ಸೆಲ್ ಜಾಗ ಬಿಟ್ಟರೆ ಗೊಂಬೆ ಟಾಸ್ಕ್‌ಬಾರಿನ ಮೇಲೆ ಗಾಳಿಯಲ್ಲಿ ತೇಲುತ್ತದೆ. ಒಂದು ಚಿತ್ರದಲ್ಲಿ ಬಿಟ್ಟು ಇನ್ನೊಂದರಲ್ಲಿ ಬಿಡದಿದ್ದರೆ ಹೆಜ್ಜೆಹೆಜ್ಜೆಗೂ ಕುಪ್ಪಳಿಸುತ್ತದೆ. ನಡುವಿನ ನಿಲುಗೆರೆಯೊಂದನ್ನು, ಕೆಳಗಿನ ನೆಲಗೆರೆಯೊಂದನ್ನು ಬೇರೆ ಲೇಯರಿನಲ್ಲಿ ಕೆಂಪು ಬಣ್ಣದಿಂದ ಎಳೆದಿಟ್ಟು, ಉಳಿಸುವಾಗ ಅದನ್ನು ಮರೆಮಾಡಿ.

ಅಚ್ಚಿನ ಗೊಂಬೆ ಎಡಕ್ಕೆ ಮುಖ ಮಾಡಿದೆ, ನಿಮ್ಮದೂ ಎಡಕ್ಕೇ ಮುಖ ಮಾಡಿರಬೇಕು. ಬಲಕ್ಕೆ ನಡೆಯುವಾಗ ತಂತ್ರಾಂಶವೇ ಚಿತ್ರವನ್ನು ಕನ್ನಡಿಯಲ್ಲಿ ಕಂಡಂತೆ ತಿರುಗಿಸಿಕೊಳ್ಳುತ್ತದೆ. ಇದರ ಪರಿಣಾಮವನ್ನು ಮೊದಲೇ ಯೋಚಿಸುವುದು ಒಳ್ಳೆಯದು. ಪಾಟಿಚೀಲದ ಮೇಲೆ ‘ಗ’ ಎಂದು ಬರೆದಿದ್ದೆವು, ಬಲಕ್ಕೆ ಹೊರಟಾಗ ಅಕ್ಷರ ತಿರುವುಮುರುವಾಯಿತು. ಮೂಗುತಿ, ಒಂದು ಹೆಗಲಿನ ಚೀಲ, ಕೈಗಡಿಯಾರ ಇಂಥವೂ ಬದಿ ಬದಲಿಸುತ್ತವೆ. ಬಲಮುಖದ ಚಿತ್ರವನ್ನು ಪ್ರತ್ಯೇಕವಾಗಿ ಕೊಡುವ ಅನುಕೂಲ ಶಿಮೆಜಿ-ಇಇಯಲ್ಲಿ ಇದೆಯಾದರೂ ಮೊದಲ ಗೊಂಬೆಗೆ ಅದು ಇಮ್ಮಡಿ ದುಡಿಮೆ. ನಾವು ಅಕ್ಷರವನ್ನೇ ಅಳಿಸಿದೆವು.

ಈಗ ಹೆಜ್ಜೆ. 1ನೆಯ ಚಿತ್ರ ನಿಂತ ಭಂಗಿ, 2 ಮತ್ತು 3 ಒಂದೊಂದು ಕಾಲು ಮುಂದಿಟ್ಟ ಭಂಗಿ. ನಡಿಗೆಯಲ್ಲಿ ಇವು 1, 2, 1, 3 ಎಂಬ ಸುತ್ತಿನಲ್ಲಿ ಬರುತ್ತವೆ. ತಂತ್ರಾಂಶದ ಗಡಿಯಾರ 40 ಮಿಲಿಸೆಕೆಂಡಿಗೆ ಒಮ್ಮೆ ಬಡಿಯುತ್ತದೆ, ಅಂದರೆ ಸೆಕೆಂಡಿಗೆ 25 ಬಡಿತ. ಅಚ್ಚಿನ ನಡಿಗೆಯಲ್ಲಿ ಪ್ರತಿ ಚಿತ್ರ 6 ಬಡಿತ ನಿಲ್ಲುತ್ತದೆ, ಪ್ರತಿ ಬಡಿತಕ್ಕೆ ಗೊಂಬೆ 2 ಪಿಕ್ಸೆಲ್ ಮುಂದೆ ಸರಿಯುತ್ತದೆ. ಹಾಗಾದರೆ ಒಂದು ಚಿತ್ರದ ಅವಧಿಯಲ್ಲಿ 12 ಪಿಕ್ಸೆಲ್, 2ನೆಯ ಚಿತ್ರದಿಂದ 3ನೆಯದಕ್ಕೆ ಬರುವಷ್ಟರಲ್ಲಿ 24 ಪಿಕ್ಸೆಲ್ ದೂರ ಸಾಗಿರುತ್ತದೆ. ನೆಲಕ್ಕೆ ಊರಿದ ಪಾದ ಊರಿದಲ್ಲೇ ಇರುವಂತೆ ಕಾಣಬೇಕಾದರೆ, ಹೆಜ್ಜೆಯ ಚಿತ್ರದಲ್ಲಿ ಎರಡು ಪಾದಗಳ ನಡುವಿನ ಅಂತರವೂ 24 ಪಿಕ್ಸೆಲ್ ಇರಬೇಕು. ನಡುಗೆರೆಗಿಂತ 12 ಮುಂದೆ ಒಂದು ಪಾದ, 12 ಹಿಂದೆ ಇನ್ನೊಂದು. ದೊಡ್ಡ ಹಾಳೆಯಲ್ಲಿ ಇದು 48 ಮತ್ತು 48.

ಈ ಲೆಕ್ಕ ನನಗೆ ಮೊದಲು ಹೊಳೆದಿರಲಿಲ್ಲ. ಪರಕಾರದ ಒಳಗೆ ಪಾದ ಕಂಡೂ ಕಾಣದಂತಿರುತ್ತದೆ ಎಂದು ಚಿಕ್ಕ ಹೆಜ್ಜೆ ಇಟ್ಟು, ಎರಡು ಪಾದಗಳ ನಡುವೆ 8 ಪಿಕ್ಸೆಲ್ ಮಾತ್ರ ಅಂತರ ಬಿಟ್ಟಿದ್ದೆ. ಓಡಿಸಿದ ಕೂಡಲೇ ಹುಡುಗಿ ಪರದೆಗೆ ಮುಖ ಹತ್ತಿರ ತಂದು, “ಅತ್ತಿ, ಈಕಿ ನಡ್ಯಾಕತ್ತಿಲ್ಲ, ಜಾರಾಕತ್ತಾಳ” ಎಂದಳು. ನಿಜವಾಗಿಯೂ ಗೊಂಬೆ ಎಣ್ಣೆ ಚೆಲ್ಲಿದ ಫರಸಿಯ ಮೇಲೆ ಸರಿದುಹೋದಂತೆ ಕಾಣುತ್ತಿತ್ತು. ಇದಕ್ಕೆ ದಾರಿ ಎರಡು: ಹೆಜ್ಜೆಯನ್ನು 24ಕ್ಕೆ ಹಿಗ್ಗಿಸುವುದು, ಇಲ್ಲವೇ ಬಡಿತಕ್ಕೆ 2ರ ಬದಲು 1 ಪಿಕ್ಸೆಲ್ ಮಾಡಿ ಹೆಜ್ಜೆಯನ್ನು 12ಕ್ಕೆ ಇಡುವುದು. ಪರಕಾರ ಉಟ್ಟ ಹುಡುಗಿಗೆ ಮೆಲ್ಲಗಿನ ಎರಡನೆಯದೇ ಒಪ್ಪುತ್ತದೆ ಎನಿಸಿ ಅದನ್ನೇ ಆರಿಸಿದೆವು. ಪಾದದ ಜೊತೆಗೆ ಪರಕಾರದ ಅಂಚೂ ಮುಂದಿಟ್ಟ ಕಾಲಿನ ಕಡೆಗೆ 3 ಪಿಕ್ಸೆಲ್ ತೂಗಿದಾಗ, ಜಡೆ ಅದಕ್ಕೆ ವಿರುದ್ಧ ದಿಕ್ಕಿಗೆ ತುಸು ಸರಿದಾಗ, ನಡಿಗೆಗೆ ಜೀವ ಬಂತು. ನಿಂತ ಭಂಗಿಗಿಂತ ಹೆಜ್ಜೆಯ ಭಂಗಿಯಲ್ಲಿ ತಲೆ 2 ಪಿಕ್ಸೆಲ್ ಕೆಳಗಿರಲಿ, ಏಕೆಂದರೆ ಕಾಲು ಅಗಲಿಸಿದಾಗ ಮನುಷ್ಯನ ಎತ್ತರ ಕಡಿಮೆಯಾಗುತ್ತದೆ.

ಉಡುಪು ಮತ್ತು ಬಣ್ಣ

128 ಪಿಕ್ಸೆಲ್ಲಿನಲ್ಲಿ ಇಳಕಲ್ಲ ಸೀರೆಯ ದಡಿಯನ್ನು ಇದ್ದದ್ದು ಇದ್ದಂತೆ ತರಲು ಆಗದು. ನಾನು ಒಂದು ಇಡೀ ಸಂಜೆ ದಡಿಯ ಒಳಗಿನ ನೇಯ್ಗೆಯನ್ನು ಬಿಡಿಸಿ, ಇಳಿಸಿ ನೋಡಿದರೆ ಕಂದು ಬಣ್ಣದ ಕಲೆಯೊಂದು ಉಳಿದಿತ್ತು. ಕೊನೆಗೆ ಉಳಿಸಿಕೊಂಡದ್ದು ಇಷ್ಟು: ದಾಳಿಂಬೆ ಕೆಂಪಿನ 5 ಪಿಕ್ಸೆಲ್ ದಡಿ, ಅದರ ನಡುವೆ 1 ಪಿಕ್ಸೆಲ್ ಹಳದಿ ಗೆರೆ, ಮೈಯೆಲ್ಲ ಕಡುಹಸಿರು. ಖಣದ ಪೋಲಕಕ್ಕೆ ಸಾಲಾಗಿ ಇಟ್ಟ ಎರಡೆರಡು ಪಿಕ್ಸೆಲ್ಲಿನ ಚುಕ್ಕೆಗಳು. ನಮ್ಮ ಭಾಗದವರು ಯಾರೇ ನೋಡಲಿ, ಇದು ಇಳಕಲ್ಲ, ಇದು ಖಣ ಎಂದು ಗುರುತಿಸುತ್ತಾರೆ. ನೀವು ಮುಧೋಳ ನಾಯಿಯನ್ನು ಮಾಡುವುದಾದರೂ ಇದೇ ವಿವೇಕ ಬೇಕು. ಆಳವಾದ ಎದೆ, ಬೆನ್ನಿಗೆ ಅಂಟಿದ ಹೊಟ್ಟೆ, ಸಪೂರ ಉದ್ದ ಮೋರೆ ಇವು ಮೂರನ್ನು ಉಳಿಸಿ ಬೇರೆಲ್ಲ ಬಿಟ್ಟರೂ ಅದು ಮುಧೋಳ ನಾಯಿಯೇ.

ಹೊರಗೆರೆಯನ್ನು ಕಡುಬಣ್ಣದಲ್ಲಿ ಪೂರ್ತಿ ಮುಚ್ಚಿ ಎಳೆಯಿರಿ. ಗೊಂಬೆಯ ಹಿಂದೆ ಒಮ್ಮೆ ಬಿಳಿ ಹಾಳೆ ಇರುತ್ತದೆ, ಒಮ್ಮೆ ಕಪ್ಪು ಪರದೆ. ಬಿಳಿ ಹಿನ್ನೆಲೆಯ ಮೇಲೆ ಬಿಡಿಸಿ ಆಮೇಲೆ ಬಿಳಿಯನ್ನು ಅಳಿಸುವ ಪದ್ಧತಿ ಬೇಡ. ಅಂಚಿನಲ್ಲಿ ಬಿಳಿ ಕಣಗಳು ಉಳಿದು, ಕಪ್ಪು ಹಿನ್ನೆಲೆಯಲ್ಲಿ ಸುಣ್ಣ ಬಳಿದಂತೆ ಕಾಣುತ್ತವೆ. ಚಿತ್ರಗಳನ್ನು ಪಿಎನ್‌ಜಿ ರೂಪದಲ್ಲಿಯೇ ಉಳಿಸಬೇಕು. ಜೆಪೆಗ್ ಪಾರದರ್ಶಕತೆಯನ್ನು ಇಟ್ಟುಕೊಳ್ಳುವುದಿಲ್ಲ, ಗೊಂಬೆಯ ಸುತ್ತ ಚೌಕಟ್ಟು ಬಂದುಬಿಡುತ್ತದೆ.

ಉಳಿದ 43

ಪಟ್ಟಿ ಉದ್ದವಿದ್ದರೂ ಗುಂಪುಗಳಾಗಿ ನೋಡಿದರೆ ಭಾರವೆನಿಸದು. 4 ಬೀಳುವ ಚಿತ್ರ. 5ರಿಂದ 10 ಮೌಸಿನಿಂದ ಎತ್ತಿ ಹಿಡಿದಾಗಿನವು. ಇವುಗಳಲ್ಲಿ 5 ಮತ್ತು 6 ಬಿಡಿಸಿಕೊಳ್ಳಲು ಒದ್ದಾಡುವ ಭಂಗಿ, ಉಳಿದವು ಅತ್ತಿತ್ತ ತೂಗುವ ಭಂಗಿ. ಜಡೆ, ಪರಕಾರ ಇಲ್ಲಿ ಮೈಗಿಂತ ಹೆಚ್ಚು ತೂಗಲಿ. 11 ಕುಳಿತದ್ದು; 15ರಿಂದ 17 ಮತ್ತು 26ರಿಂದ 29 ಕುಳಿತಲ್ಲೇ ತಲೆ ಎತ್ತುವ, ತಿರುಗಿಸುವ ಚಿತ್ರಗಳು. ಲೇಯರುಗಳನ್ನು ಬೇರೆ ಇಟ್ಟಿದ್ದರೆ ಈ ಏಳನ್ನೂ ತಲೆಯನ್ನಷ್ಟೇ ಬದಲಿಸಿ ಒಂದು ಮಧ್ಯಾಹ್ನದಲ್ಲಿ ಮುಗಿಸಬಹುದು. 18, 19 ನೆಲಕ್ಕೆ ಬಿದ್ದು ಪುಟಿಯುವುದಕ್ಕೆ, 20, 21 ಅಂಬೆಗಾಲಿಗೆ, 22 ಜಿಗಿತಕ್ಕೆ.

ಗೂಟದ ವಿಷಯದಲ್ಲಿ ಮತ್ತೆ ಎಚ್ಚರ ಬೇಕಾದದ್ದು ಮೂರು ಕಡೆ. 12ರಿಂದ 14 ಪರದೆಯ ಬದಿಯ ಗೋಡೆಯನ್ನು ಹತ್ತುವ ಚಿತ್ರಗಳು. ಇಲ್ಲಿ ಗೋಡೆ ಇರುವುದು ಹಾಳೆಯ ಎಡ ಅಂಚಿನಲ್ಲಲ್ಲ, 64ನೆಯ ಪಿಕ್ಸೆಲ್ಲಿನ ನಡುಗೆರೆಯಲ್ಲಿ. ಕೈಕಾಲು ಆ ಗೆರೆಗೆ ತಾಗಿರಬೇಕು, ಎಡಗಡೆಯ ಅರ್ಧ ಹಾಳೆ ಖಾಲಿ ಇರಬೇಕು. 23ರಿಂದ 25 ಮೇಲ್ಛಾವಣಿಗೆ ಜೋತುಬಿದ್ದು ಸಾಗುವ ಚಿತ್ರಗಳು, ಇಲ್ಲಿ ಗೂಟ ಮೇಲಿನಿಂದ 48ನೆಯ ಪಿಕ್ಸೆಲ್ಲಿಗೆ ಬರುತ್ತದೆ. ಅದರ ಮೇಲಿನ ಭಾಗ ಖಾಲಿ. 30ರಿಂದ 33 ವಿಂಡೋದ ಅಂಚಿನ ಮೇಲೆ ಕಟ್ಟೆಯ ಮೇಲೆ ಕುಳಿತಂತೆ ಕುಳಿತಿರುವವು. ಗೂಟ ಇಲ್ಲಿ 112ರಲ್ಲಿದೆ, ಅಂದರೆ ಕುಳಿತ ಜಾಗದಿಂದ ಕೆಳಗೆ 16 ಪಿಕ್ಸೆಲ್ ಉದ್ದದ ಕಾಲು ಇಳಿಬಿಡಲು ಅವಕಾಶ. ನಮ್ಮ ಹುಡುಗಿ ಕಾಯುತ್ತಿದ್ದದ್ದು ಈ ಭಂಗಿಗೆ. ಇದನ್ನು ಅವಳೇ ಬಿಡಿಸಿದಳು, ಕಾಲ್ಗೆಜ್ಜೆಯನ್ನೂ ಮರೆಯಲಿಲ್ಲ.

34ರಿಂದ 37 ವಿಂಡೋವನ್ನು ಹೊತ್ತೊಯ್ದು ಎಸೆಯುವುದಕ್ಕೆ, 38ರಿಂದ 41 ನೆಲದಿಂದ ಇನ್ನೊಂದು ಗೊಂಬೆಯನ್ನು ಕಿತ್ತು ತೆಗೆಯುವುದಕ್ಕೆ, 42ರಿಂದ 46 ಒಂದು ಎರಡಾಗುವುದಕ್ಕೆ. ಸಮಯ ಕಡಿಮೆ ಇದ್ದವರು ಈ ಹದಿಮೂರನ್ನು ಮುಂದಕ್ಕೆ ಹಾಕಬಹುದು. ಶಿಮೆಜಿ-ಇಇಯ ಮೆನುವಿನಲ್ಲಿ ಗೊಂಬೆ ಹೆಚ್ಚುವುದನ್ನೂ ವಿಂಡೋ ಎಸೆಯುವುದನ್ನೂ ನಿಲ್ಲಿಸಲು ಬರುತ್ತದೆ. ನಿಲ್ಲಿಸಿದರೆ ಆ ಚಿತ್ರಗಳ ಅಗತ್ಯ ಬೀಳುವುದಿಲ್ಲ. ಕೆಲಸದ ಕಂಪ್ಯೂಟರಿನಲ್ಲಿ ವಿಂಡೋ ಎಸೆಯುವುದನ್ನು ನಿಲ್ಲಿಸುವುದೇ ಲೇಸು. ಚಿತ್ರ ಬಿಡಿಸುತ್ತಿದ್ದ ವಿಂಡೋ ಪರದೆಯ ಆಚೆಗೆ ಹೋಗಿ ನಾನು ಕಂಗಾಲಾದದ್ದುಂಟು. ಹಾಗಾದಾಗ ಗಾಬರಿ ಬೇಡ: ಗಡಿಯಾರದ ಪಕ್ಕದ ಶಿಮೆಜಿ ಗುರುತಿನ ಮೇಲೆ ಬಲಗುಂಡಿ ಒತ್ತಿದರೆ ವಿಂಡೋಗಳನ್ನು ಮರಳಿ ತರುವ ಆಯ್ಕೆ ಸಿಗುತ್ತದೆ, ಎಲ್ಲ ಗೊಂಬೆಗಳನ್ನು ಕಳಿಸಿಕೊಡುವ ಆಯ್ಕೆಯೂ ಅಲ್ಲಿಯೇ ಇದೆ.

ಅಂಕಿಗಳನ್ನು ತಿದ್ದುವುದು

ಸೂಚನೆಗಳ ಫೋಲ್ಡರಿನಲ್ಲಿ ಎಕ್ಸ್‌ಎಂಎಲ್ ರೂಪದ ಎರಡು ಫೈಲುಗಳಿವೆ. ಒಂದು ಕ್ರಿಯೆಗಳದ್ದು: ನಡೆಯುವುದು, ಕೂರುವುದು ಎಂಬಂಥ ಪ್ರತಿ ಕ್ರಿಯೆಗೂ ಯಾವ ಚಿತ್ರ, ಗೂಟ ಎಲ್ಲಿ, ವೇಗ ಎಷ್ಟು, ಎಷ್ಟು ಬಡಿತ ಎಂಬ ನಾಲ್ಕು ಮಾಹಿತಿಗಳು ಒಂದೊಂದು ಸಾಲಿನಲ್ಲಿ ಇರುತ್ತವೆ. ಇನ್ನೊಂದು ವರ್ತನೆಗಳದ್ದು: ಯಾವ ಕ್ರಿಯೆ ಎಷ್ಟು ಸಲ ಬರಬೇಕು ಎಂಬುದನ್ನು ಅದು ಹೇಳುತ್ತದೆ. ಎರಡನ್ನೂ ನೇರವಾಗಿ ತಿದ್ದಬೇಡಿ. ನಿಮ್ಮ ಗೊಂಬೆಯ ಫೋಲ್ಡರಿನ ಒಳಗೆ ಅದೇ ಹೆಸರಿನ ಸೂಚನೆಗಳ ಫೋಲ್ಡರೊಂದನ್ನು ಮಾಡಿ, ನಕಲುಗಳನ್ನು ಅದರಲ್ಲಿಟ್ಟು ತಿದ್ದಿ. ಆಗ ಬದಲಾವಣೆ ನಿಮ್ಮ ಗೊಂಬೆಗೆ ಮಾತ್ರ ಅನ್ವಯವಾಗುತ್ತದೆ, ಮೂಲವೂ ಸುರಕ್ಷಿತ. ತಿದ್ದಲು ನೋಟ್‌ಪ್ಯಾಡ್ ಸಾಕು. ಒಂದು ಉದ್ಧರಣ ಚಿಹ್ನೆ ಅಳಿದುಹೋದರೂ ಗೊಂಬೆ ಏಳುವುದೇ ಇಲ್ಲವಾದ್ದರಿಂದ ಒಂದು ಅಂಕಿ ತಿದ್ದಿ, ಓಡಿಸಿ ನೋಡಿ, ಆಮೇಲೆ ಇನ್ನೊಂದಕ್ಕೆ ಕೈ ಹಾಕಿ.

ಮೊದಲು ಮಾಡಬೇಕಾದ ತಿದ್ದುಪಡಿ ಕಣ್ಣು ಮಿಟುಕಿಸುವುದು. ಅಚ್ಚಿನಲ್ಲಿ ನಿಂತ ಭಂಗಿ 250 ಬಡಿತ, ಅಂದರೆ ಹತ್ತು ಸೆಕೆಂಡು ಅಲುಗದೆ ನಿಲ್ಲುತ್ತದೆ. ಅಷ್ಟು ಹೊತ್ತು ರೆಪ್ಪೆ ಬಡಿಯದ ಮುಖ ಸತ್ತಂತೆ ತೋರುತ್ತದೆ. 1ನೆಯ ಚಿತ್ರದ ನಕಲಿನಲ್ಲಿ ಕಣ್ಣು ಮುಚ್ಚಿಸಿ, ಹೊಸ ಹೆಸರಿನಲ್ಲಿ ಉಳಿಸಿ. ನಿಲ್ಲುವ ಕ್ರಿಯೆಯ ಆ ಒಂದು ಸಾಲನ್ನು ಮೂರು ಸಾಲು ಮಾಡಿ: ಕಣ್ಣು ತೆರೆದದ್ದು 140 ಬಡಿತ, ಮುಚ್ಚಿದ್ದು 4, ಮತ್ತೆ ತೆರೆದದ್ದು 106. ಮುಚ್ಚಿದ ಅವಧಿ 4ಕ್ಕಿಂತ ಹೆಚ್ಚಾದರೆ ತೂಕಡಿಸಿದಂತೆ ಕಾಣುತ್ತದೆ. ಈ ಒಂದೇ ಬದಲಾವಣೆಯಿಂದ ಗೊಂಬೆ ನಮ್ಮನ್ನು ನೋಡುತ್ತಿದೆ ಎನಿಸತೊಡಗುತ್ತದೆ.

ವರ್ತನೆಗಳ ಫೈಲಿನಲ್ಲಿರುವ ಸಂಖ್ಯೆಗಳು ಪಾಲಿನ ಲೆಕ್ಕ. ಕೂರುವುದಕ್ಕೆ 300, ನಡೆಯುವುದಕ್ಕೆ 100 ಎಂದಿದ್ದರೆ ಎರಡಕ್ಕೂ ಅವಕಾಶವಿರುವಾಗ ಕೂರುವ ಸಂಭವ ಮೂರು ಪಟ್ಟು. ಗೊಂಬೆಯ ಸ್ವಭಾವವನ್ನು ನೀವು ರೂಪಿಸುವುದು ಇಲ್ಲಿಯೇ. ನಮ್ಮ ಗೌರಿಗೆ ಅಂಚಿನ ಮೇಲೆ ಕೂರುವ ಪಾಲನ್ನು ಹೆಚ್ಚಿಸಿ, ಓಡುವುದನ್ನು ತಗ್ಗಿಸಿದೆವು. ಬೀಳುವುದು, ಮೌಸಿಗೆ ಸಿಕ್ಕು ತೂಗುವುದು, ಎಸೆಯಲ್ಪಡುವುದು ಮತ್ತು ಮೌಸನ್ನು ಬೆನ್ನಟ್ಟುವುದು ಈ ನಾಲ್ಕು ವರ್ತನೆಗಳನ್ನು ಮಾತ್ರ ಅಳಿಸಬಾರದು, ತಂತ್ರಾಂಶಕ್ಕೆ ಅವು ಬೇಕೇ ಬೇಕು.

ಗೊಂಬೆಯನ್ನು ಬೇರೆಯವರಿಗೆ ಕೊಡುವಾಗ ಅದರ ಫೋಲ್ಡರನ್ನು, ಒಳಗಿನ ಸೂಚನೆಗಳ ಸಮೇತ ಜಿಪ್ ಮಾಡಿ ಪೆನ್‌ಡ್ರೈವಿನಲ್ಲಿ ಕೊಟ್ಟರೆ ಸಾಕು. ಅವರ ಕಂಪ್ಯೂಟರಿನಲ್ಲಿ ಜಾವಾ ಮತ್ತು ಶಿಮೆಜಿ-ಇಇ ಇದ್ದು, ಚಿತ್ರಗಳ ಫೋಲ್ಡರಿನೊಳಗೆ ಅದನ್ನು ಬಿಚ್ಚಿಟ್ಟರೆ ಗೊಂಬೆ ಕಾಣಿಸಿಕೊಳ್ಳುತ್ತದೆ. ನಕಲು ಮಾಡಿದ ಫೋಲ್ಡರಿನಲ್ಲಿ ನೀವು ಬಿಡಿಸದೆ ಬಿಟ್ಟ ಸಂಖ್ಯೆಗಳಿದ್ದರೆ ಅಲ್ಲಿ ಮಾದರಿ ಗೊಂಬೆಯ ಚಿತ್ರಗಳೇ ಉಳಿದಿರುತ್ತವೆ. ಕೊಡುವ ಮೊದಲು ಅವುಗಳ ಜಾಗದಲ್ಲಿ ನಿಮ್ಮ 1ನೆಯ ಚಿತ್ರದ ನಕಲನ್ನು ಇಡಿ. ಬೆಳಗಾವಿಯಲ್ಲಿರುವ ನನ್ನ ತಂಗಿಯ ಮನೆಗೆ ಗೌರಿಯನ್ನು ಕಳಿಸುವಾಗ ಇದನ್ನು ಮರೆತಿದ್ದೆ. ಅಲ್ಲಿ ಹುಡುಗಿ ಎರಡಾಗಲು ಹೊರಟಾಗಲೆಲ್ಲ ನಡುವೆ ಯಾವುದೋ ಬಿಳಿ ಗೊಂಬೆ ಮಿಂಚಿ ಮಾಯವಾಗುತ್ತಿತ್ತಂತೆ.